ಹಳೆಯ ಗುತ್ತಿಗೆ, ಹೊಸ ಮುದ್ರೆ

ಭೂಮಿ ಸರ್ಕಾರದ್ದು. ಅದನ್ನು ಗುತ್ತಿಗೆಗೆ ಕೊಡುವುದೂ ಸರ್ಕಾರವೇ. ಗುತ್ತಿಗೆ ಪತ್ರಕ್ಕೆ ಮುದ್ರಾಂಕ ಶುಲ್ಕ ವಸೂಲು ಮಾಡುವುದೂ ಸರ್ಕಾರವೇ. ಒಂದು ಕೈಯಲ್ಲಿ ಜಮೀನಿನ ಒಡೆತನ, ಇನ್ನೊಂದು ಕೈಯಲ್ಲಿ ಸುಂಕದ ಪೆಟ್ಟಿಗೆ. ಗುತ್ತಿಗೆ ಮೊದಲ ಸಲ ಆಗುವಾಗ ಇದರಿಂದ ದೊಡ್ಡ ತಕರಾರೇನೂ ಏಳುವುದಿಲ್ಲ. ಜಮೀನು ಸಿಕ್ಕರೆ ಸಾಕೆಂದು ಬಂದವರು ಹೇಳಿದಷ್ಟು ಶುಲ್ಕ ಕಟ್ಟಿ ಹೋಗುತ್ತಾರೆ. ಅವಧಿ ಮುಗಿದು, ಅದೇ ಜಮೀನನ್ನು ಅದೇ ಗುತ್ತಿಗೆದಾರರಿಗೆ ಮತ್ತೆ ಕೊಡುವ ಹೊತ್ತು ಬಂದಾಗ ಜಗಳ ಆರಂಭವಾಗುತ್ತದೆ.

ಉದಾಹರಣೆಗೆ, ತಾಲ್ಲೂಕು ಕೇಂದ್ರವೊಂದರಲ್ಲಿ ಎರಡು ಎಕರೆ ಸರ್ಕಾರಿ ಜಮೀನಿನಲ್ಲಿ ಶಾಲೆ ನಡೆಸುವ ಒಂದು ಸಂಸ್ಥೆಯನ್ನು ಕಲ್ಪಿಸಿಕೊಳ್ಳಬಹುದು. ಮೂವತ್ತು ವರ್ಷಗಳ ಹಿಂದೆ ಜಮೀನು ಸಿಕ್ಕಾಗ ಅದು ಊರಾಚೆಯ ಬಯಲು. ವರ್ಷಕ್ಕೆ ಕೆಲವೇ ಸಾವಿರ ರೂಪಾಯಿ ಬಾಡಿಗೆ. ಈಗ ಊರು ಬೆಳೆದು ಶಾಲೆಯ ಗೋಡೆಗೆ ತಾಗಿದೆ. ಪಕ್ಕದಲ್ಲೇ ಬಸ್ ನಿಲ್ದಾಣ, ಎದುರಿಗೆ ಅಂಗಡಿ ಸಾಲು. ನವೀಕರಣದ ಅರ್ಜಿ ತಹಸೀಲ್ದಾರರಿಂದ ಜಿಲ್ಲಾಧಿಕಾರಿಯವರೆಗೆ ಮೇಜಿನಿಂದ ಮೇಜಿಗೆ ದಾಟಿ, ಕೊನೆಗೊಂದು ದಿನ ಆದೇಶ ಬರುತ್ತದೆ. ಅದನ್ನು ಹಿಡಿದು ಸಂಸ್ಥೆಯವರು ಸಬ್‌ರಿಜಿಸ್ಟ್ರಾರ್ ಕಚೇರಿಗೆ ಹೋದರೆ ಅಲ್ಲಿಯ ಉತ್ತರ: ಇದು ಹೊಸ ಗುತ್ತಿಗೆ, ಇಂದಿನ ಲೆಕ್ಕದಲ್ಲಿ ಶುಲ್ಕ ಕಟ್ಟಬೇಕು. ಸಂಸ್ಥೆಯವರ ಪ್ರಶ್ನೆ: ಹೊಸದೇನು ಬಂತು? ಜಮೀನು ಅದೇ, ಕೊಟ್ಟವರು ಅವರೇ, ಪಡೆದವರು ನಾವೇ. ಮೊದಲೇ ಶುಲ್ಕ ಕಟ್ಟಿದ ಮೇಲೆ ಮತ್ತೊಮ್ಮೆ ಏಕೆ?

ಇಬ್ಬರ ಮಾತಿನಲ್ಲೂ ಹುರುಳಿದೆ. ಯಾರ ಮಾತು ನಿಲ್ಲುತ್ತದೆ ಎಂಬುದು ತಿಳಿಯಬೇಕಾದರೆ ಮುದ್ರಾಂಕ ಶುಲ್ಕ ಎಂಬುದು ಯಾವುದರ ಮೇಲಿನ ತೆರಿಗೆ ಎಂಬುದನ್ನು ಮೊದಲು ಅರಿಯಬೇಕು.

ಕಾಗದದ ಮೇಲೆ ಸುಂಕ

ಕಂದಾಯ ಬೀಳುವುದು ಭೂಮಿಯ ಮೇಲೆ. ಆದಾಯ ತೆರಿಗೆ ಬೀಳುವುದು ಗಳಿಕೆಯ ಮೇಲೆ. ಮುದ್ರಾಂಕ ಶುಲ್ಕ ಇವೆರಡರ ಮೇಲೂ ಅಲ್ಲ, ಕಾಗದದ ಮೇಲೆ ಬೀಳುತ್ತದೆ. ಕಾನೂನಿನ ಮಾತಿನಲ್ಲಿ ಹೇಳುವುದಾದರೆ, ದಸ್ತಾವೇಜಿನ ಮೇಲೆ. ಇಬ್ಬರು ಬಾಯಿಮಾತಿನಲ್ಲಿ ಏನೇ ವ್ಯವಹಾರ ಮಾಡಿಕೊಂಡರೂ ಮುದ್ರಾಂಕ ಕಾಯ್ದೆ ತಲೆ ಹಾಕುವುದಿಲ್ಲ. ಅದು ಬರಹಕ್ಕೆ ಇಳಿದು ಸಹಿ ಬಿದ್ದ ಕೂಡಲೇ ಶುಲ್ಕ ಹುಟ್ಟುತ್ತದೆ.

ಈ ತೆರಿಗೆಯ ಮೂಲ ಯೂರೋಪಿನದು. 1624ರಲ್ಲಿ ಹಾಲೆಂಡ್‌ನಲ್ಲಿ ಇದು ಜಾರಿಗೆ ಬಂತು. 1694ರಲ್ಲಿ ಇಂಗ್ಲೆಂಡ್ ಇದನ್ನು ಎರವಲು ಪಡೆಯಿತು. ಆಗ ಅದು ಫ್ರಾನ್ಸ್ ವಿರುದ್ಧದ ಯುದ್ಧದ ಖರ್ಚಿಗೆ ಹಣ ಹುಡುಕುತ್ತಿತ್ತು. 1765ರಲ್ಲಿ ಬ್ರಿಟಿಷ್ ಸಂಸತ್ತು ಅಮೆರಿಕದ ವಸಾಹತುಗಳ ಮೇಲೂ ಮುದ್ರಾಂಕ ಶುಲ್ಕ ಹೇರಿದಾಗ ಅಲ್ಲಿಯ ಜನ ದಂಗೆ ಎದ್ದರು. ಮರುವರ್ಷವೇ ಅದನ್ನು ಹಿಂದಕ್ಕೆ ಪಡೆಯಬೇಕಾಯಿತು. ಭಾರತದಲ್ಲಿ ಈಸ್ಟ್ ಇಂಡಿಯಾ ಕಂಪನಿ 1797ರಲ್ಲಿ ಬಂಗಾಳದಲ್ಲಿ ಇದನ್ನು ಆರಂಭಿಸಿತು. ನಾನಾ ಕಾಯ್ದೆಗಳ ನಂತರ 1899ರಲ್ಲಿ ಭಾರತೀಯ ಮುದ್ರಾಂಕ ಕಾಯ್ದೆ ಬಂತು. ಅದು ಇಂದಿಗೂ ಹಲವು ರಾಜ್ಯಗಳಲ್ಲಿ ತಿದ್ದುಪಡಿಗಳೊಂದಿಗೆ ಬಳಕೆಯಲ್ಲಿದೆ. ನಮ್ಮಲ್ಲಿ ಏಕೀಕರಣದ ಮರುವರ್ಷ, 1957ರಲ್ಲಿ, ಮೈಸೂರು ಮುದ್ರಾಂಕ ಕಾಯ್ದೆ ರೂಪುಗೊಂಡಿತು. ರಾಜ್ಯದ ಹೆಸರು 1973ರಲ್ಲಿ ಬದಲಾದ ಮೇಲೆ ಅದು ಕರ್ನಾಟಕ ಮುದ್ರಾಂಕ ಕಾಯ್ದೆ ಆಯಿತು.

ಸಂವಿಧಾನ ಇದನ್ನು ಹಂಚಿರುವ ರೀತಿಯೂ ಗಮನಿಸುವಂಥದು. ವಿನಿಮಯ ಪತ್ರ, ಚೆಕ್ಕು, ವಿಮೆ ಪಾಲಿಸಿ ಮುಂತಾದ ಕೆಲವು ಪತ್ರಗಳ ಶುಲ್ಕದ ದರ ಕೇಂದ್ರದ ಪಟ್ಟಿಯಲ್ಲಿದೆ. ಉಳಿದ ಪತ್ರಗಳ ದರ ರಾಜ್ಯಗಳಿಗೆ ಸೇರಿದೆ. ಗುತ್ತಿಗೆ ಪತ್ರವೂ ಈ ಎರಡನೆಯ ಗುಂಪಿನಲ್ಲೇ ಬರುತ್ತದೆ. ಆದ್ದರಿಂದ ಒಂದೇ ಬಗೆಯ ಗುತ್ತಿಗೆಗೆ ಬೆಂಗಳೂರಿನಲ್ಲಿ ಒಂದು ಲೆಕ್ಕ, ಮುಂಬೈಯಲ್ಲಿ ಇನ್ನೊಂದು ಲೆಕ್ಕ.

ಒಂದು ಕಾಲಕ್ಕೆ ಈ ಶುಲ್ಕವೆಂದರೆ ಜನರಿಗೆ ಛಾಪಾ ಕಾಗದವೇ ಆಗಿತ್ತು. 2000ದ ದಶಕದ ಆರಂಭದಲ್ಲಿ ನಕಲಿ ಛಾಪಾ ಕಾಗದದ ಹಗರಣ ಬಯಲಾಯಿತು. ಅದರ ಸೂತ್ರಧಾರ ಖಾನಾಪುರದ ಅಬ್ದುಲ್ ಕರೀಂ ತೆಲಗಿ ಶಿಕ್ಷೆಗೆ ಗುರಿಯಾದ. ಕರ್ನಾಟಕ ಹಳೆಯ ಛಾಪಾ ಕಾಗದವನ್ನೇ ಕೈಬಿಟ್ಟಿತು. ಈಗ ಶುಲ್ಕ ಕಂಪ್ಯೂಟರಿನ ಮೂಲಕ ಸಂದಾಯವಾಗುತ್ತದೆ. ಕಾಗದದ ರೂಪ ಬದಲಾಯಿತೇ ಹೊರತು ದಸ್ತಾವೇಜಿನ ಮೇಲೆ ಸುಂಕ ಎಂಬ ತತ್ವ ಬದಲಾಗಲಿಲ್ಲ.

ನವೀಕರಣವೋ, ವಿಸ್ತರಣೆಯೋ?

ಸುಂಕ ಕಾಗದದ ಮೇಲೆ ಎಂದಮೇಲೆ ಶಾಲೆಯವರ ಪ್ರಶ್ನೆಯ ರೂಪವೇ ಬದಲಾಗುತ್ತದೆ. ಜಮೀನು ಹಳೆಯದೋ ಹೊಸದೋ, ಗುತ್ತಿಗೆದಾರರು ಅವರೋ ಇವರೋ ಎಂಬುದು ಮುಖ್ಯವಲ್ಲ. ಹೊಸ ಕಾಗದ ಹುಟ್ಟಿತೇ ಇಲ್ಲವೇ ಎಂಬುದೊಂದೇ ಮುಖ್ಯ.

ಆಡುಮಾತಿನಲ್ಲಿ 'ನವೀಕರಣ' ಮತ್ತು 'ವಿಸ್ತರಣೆ' ಎರಡನ್ನೂ ಒಂದೇ ಅರ್ಥದಲ್ಲಿ ಬಳಸುವುದುಂಟು. ಸರ್ಕಾರಿ ಆದೇಶಗಳಲ್ಲೂ ಈ ಕಲಬೆರಕೆ ಸಾಮಾನ್ಯ. ಕಾನೂನಿನ ಕಣ್ಣಿಗೆ ಮಾತ್ರ ಇವು ಬೇರೆ ಬೇರೆ. ಉತ್ತರಪ್ರದೇಶ ಸರ್ಕಾರ ಮತ್ತು ಲಾಲ್ಜಿ ಟಂಡನ್ ನಡುವಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ 2003ರಲ್ಲಿ ಈ ವ್ಯತ್ಯಾಸವನ್ನು ಬಿಡಿಸಿ ಹೇಳಿತು. ಅಲಹಾಬಾದ್‌ನಲ್ಲಿ ಬ್ರಿಟಿಷರ ಕಾಲದಲ್ಲಿ 50 ವರ್ಷಕ್ಕೆ ಕೊಟ್ಟಿದ್ದ ಸರ್ಕಾರಿ ಜಮೀನಿನ ವಿವಾದ ಅದು. ಮೂಲ ಪತ್ರದಲ್ಲೇ ವಿಸ್ತರಣೆಯ ಷರತ್ತು ಇದ್ದರೆ, ಅದರಂತೆ ಅವಧಿ ತಾನಾಗಿ ಮುಂದುವರಿಯುತ್ತದೆ. ಹೊಸ ಪತ್ರ ಬರೆಯಬೇಕಾಗಿಲ್ಲ. ನವೀಕರಣದ ಷರತ್ತು ಇದ್ದರೆ, ಗುತ್ತಿಗೆದಾರ ಆ ಹಕ್ಕನ್ನು ಚಲಾಯಿಸಿದ ಮೇಲೆ ಹೊಸ ಗುತ್ತಿಗೆ ಪತ್ರ ಆಗಲೇಬೇಕು. ಇದು ನ್ಯಾಯಾಲಯದ ವಿವರಣೆಯ ಸಾರ.

ಈ ತೀರ್ಪಿನಲ್ಲಿ ಚರ್ಚೆಯಾದದ್ದು ಗುತ್ತಿಗೆಯ ಹಕ್ಕು, ಮುದ್ರಾಂಕ ಶುಲ್ಕವಲ್ಲ. ಆದರೂ ಶುಲ್ಕದ ಜಗಳಕ್ಕೆ ಇದೇ ಅಳತೆಗೋಲು. ವಿಸ್ತರಣೆಯಾದರೆ ಹಳೆಯ ಕಾಗದಕ್ಕೇ ಆಯುಸ್ಸು ಹೆಚ್ಚಿತು ಎಂದು ಗುತ್ತಿಗೆದಾರ ವಾದಿಸಬಹುದು. ನವೀಕರಣವಾದರೆ ಹಳೆಯ ಕಾಗದ ಸತ್ತು ಹೊಸದು ಹುಟ್ಟಿತು ಎಂದೇ ಲೆಕ್ಕ. ಹುಟ್ಟಿದ ಕಾಗದಕ್ಕೆ ಸುಂಕ ತಪ್ಪಿದ್ದಲ್ಲ.

ಒಂದೇ ದೇಶದಲ್ಲಿ ಸರ್ಕಾರಿ ಜಮೀನಿನ ಗುತ್ತಿಗೆ ಎರಡು ದಾರಿ ಹಿಡಿದಿರುವುದನ್ನು ನೋಡಿದರೆ ಇದು ಇನ್ನಷ್ಟು ಸ್ಪಷ್ಟವಾಗುತ್ತದೆ. ಹೊಸದಿಲ್ಲಿ ಕಟ್ಟುವಾಗ ಸರ್ಕಾರ ನಿವೇಶನಗಳನ್ನು ಶಾಶ್ವತ ಗುತ್ತಿಗೆಗೆ ಕೊಟ್ಟಿತು. ಅಲ್ಲಿ ಅವಧಿ ಮುಗಿಯುವ ಮಾತಿಲ್ಲ, ಆದ್ದರಿಂದ ನವೀಕರಣವೂ ಇಲ್ಲ. ಸಾಮಾನ್ಯವಾಗಿ 30 ವರ್ಷಕ್ಕೊಮ್ಮೆ ನೆಲಬಾಡಿಗೆಯನ್ನು ಪರಿಷ್ಕರಿಸುವ ಅಧಿಕಾರವನ್ನಷ್ಟೇ ಸರ್ಕಾರ ಉಳಿಸಿಕೊಂಡಿತು. ಅಲ್ಲಿಯ ಜಗಳವೆಲ್ಲ ಬಾಡಿಗೆಯ ಮೊತ್ತದ ಸುತ್ತ.

ಉತ್ತರಪ್ರದೇಶದ ಪಟ್ಟಣಗಳಲ್ಲಿ ಹಾಗಲ್ಲ. ಅಲಹಾಬಾದ್‌ನ, ಅಂದರೆ ಇಂದಿನ ಪ್ರಯಾಗ್‌ರಾಜ್‌ನ, ಸಿವಿಲ್ ಲೈನ್ಸ್ ಬಡಾವಣೆ 1857ರ ದಂಗೆ ಅಡಗಿದ ಮೇಲೆ ಹಳ್ಳಿಗಳ ನೆಲವನ್ನು ವಶಪಡಿಸಿಕೊಂಡು ಕಟ್ಟಿದ್ದು. ಇಂಥ ಸರ್ಕಾರಿ ನೆಲಕ್ಕೆ ಅಲ್ಲಿ 'ನಜೂಲ್' ಎಂದು ಹೆಸರು. 30 ವರ್ಷಕ್ಕೆ ಕೊಟ್ಟು, 30 ವರ್ಷಗಳಂತೆ ಎರಡು ಸಲ ನವೀಕರಿಸಿ, ಒಟ್ಟು 90 ವರ್ಷದವರೆಗೆ ಒಯ್ಯುವುದು ಅಲ್ಲಿ ಬಹುಕಾಲ ನಡೆದುಬಂದ ಪದ್ಧತಿ. ಅಂದರೆ ಒಂದು ಮನೆತನದ ಮೂರು ತಲೆಮಾರು ಮೂರು ಸಲ ಕಾಗದ ಮಾಡಿಸಬೇಕು. ನಡುವೆ ಒಂದು ಕೊಂಡಿ ಕಳಚಿದರೂ ಮನೆ ಯಾರದೆಂಬ ಪ್ರಶ್ನೆ ಏಳುತ್ತದೆ. 2024ರಲ್ಲಿ ನಜೂಲ್ ಆಸ್ತಿಯ ಬಗ್ಗೆ ಅಲ್ಲಿಯ ಸರ್ಕಾರ ತಂದ ಮಸೂದೆಯನ್ನು ವಿಧಾನಸಭೆ ಜುಲೈ 31ರಂದು ಒಪ್ಪಿತು. ಆಳುವ ಪಕ್ಷದೊಳಗಿನಿಂದಲೇ ಆಕ್ಷೇಪ ಬಂದು, ಮರುದಿನವೇ ವಿಧಾನ ಪರಿಷತ್ತು ಅದನ್ನು ಪ್ರವರ ಸಮಿತಿಗೆ ಒಪ್ಪಿಸಿತು. ತಲೆಮಾರುಗಳಿಂದ ಅಲ್ಲೇ ನೆಲೆಸಿದ ಕುಟುಂಬಗಳು ಒಕ್ಕಲೆದ್ದು ಹೋಗಬೇಕಾದೀತೆಂಬ ಭೀತಿ ಅದರ ಹಿಂದಿತ್ತು.

ಅರ್ಜಿಯ ಮೇಲಿನ ಷರಾ ಕೂಡ ಗುತ್ತಿಗೆಯೇ?

ಹೊಸ ಪತ್ರವನ್ನೇ ಬರೆಯದೆ, ಸರ್ಕಾರದ ಆದೇಶದಲ್ಲೇ ಮುಂದುವರಿದರೆ ಶುಲ್ಕ ಉಳಿಯುತ್ತದಲ್ಲವೇ ಎಂದು ಕೆಲವರು ಯೋಚಿಸುತ್ತಾರೆ. ಆದರೆ 1899ರ ಕಾಯ್ದೆ ಬರೆದವರು ಇದನ್ನು ಮೊದಲೇ ಊಹಿಸಿದ್ದರು. ಆ ಕಾಯ್ದೆಯ ವ್ಯಾಖ್ಯೆಯಂತೆ 'ಗುತ್ತಿಗೆ' ಎಂದರೆ ಗುತ್ತಿಗೆ ಪತ್ರ ಮಾತ್ರವಲ್ಲ. ಪಟ್ಟಾ, ಕಬೂಲಾಯತಿ, ಸಾಗುವಳಿ ಮಾಡುತ್ತೇನೆ ಅಥವಾ ಬಾಡಿಗೆ ಕೊಡುತ್ತೇನೆ ಎಂದು ಬರೆದುಕೊಟ್ಟ ಮುಚ್ಚಳಿಕೆ ಎಲ್ಲವೂ ಅದರೊಳಗೆ ಬರುತ್ತವೆ. ಗುತ್ತಿಗೆ ಕೋರಿದ ಅರ್ಜಿಯ ಮೇಲೆ, ಕೋರಿಕೆ ಒಪ್ಪಲಾಗಿದೆ ಎಂಬ ಅರ್ಥದಲ್ಲಿ ಬರೆದ ಷರಾ ಕೂಡ ಗುತ್ತಿಗೆಯೇ. ನವೀಕರಣದ ಆದೇಶಕ್ಕೂ ಶುಲ್ಕ ಬೇಕು ಎಂದು ಅಧಿಕಾರಿಗಳು ಹಟ ಹಿಡಿದಾಗ ಅವರಿಗೆ ಆಧಾರವಾಗುವುದು ಇದೇ.

ಇನ್ನೊಂದು ಗೊಂದಲ ನೋಂದಣಿಯದು. ಒಂದು ವರ್ಷ ಮೀರಿದ ಗುತ್ತಿಗೆ ನೋಂದಣಿ ಆಗಬೇಕೆಂಬುದು ಸಾಮಾನ್ಯ ನಿಯಮ. ಆದರೆ 1908ರ ನೋಂದಣಿ ಕಾಯ್ದೆ, ಸರ್ಕಾರ ಜಮೀನನ್ನು ಮಂಜೂರು ಮಾಡಿದ ಸನ್ನದು ಮುಂತಾದ ಪತ್ರಗಳಿಗೆ ವಿನಾಯಿತಿ ಕೊಟ್ಟಿದೆ. ಇದನ್ನು ಹಿಡಿದು, ನೋಂದಣಿಯೇ ಬೇಡವೆಂದ ಮೇಲೆ ಶುಲ್ಕವೂ ಬೇಡ ಎಂದು ವಾದಿಸುವವರಿದ್ದಾರೆ. ಇದು ಹಗ್ಗವನ್ನು ಹಾವೆಂದು ಹಿಡಿದಂತೆ. ನೋಂದಣಿ ಒಂದು ಕಾಯ್ದೆ, ಮುದ್ರಾಂಕ ಇನ್ನೊಂದು ಕಾಯ್ದೆ. ಒಂದರ ವಿನಾಯಿತಿ ಇನ್ನೊಂದಕ್ಕೆ ದಾಟುವುದಿಲ್ಲ.

ಸರ್ಕಾರ ಕಟ್ಟಬೇಕಲ್ಲವೇ?

ಪತ್ರಕ್ಕೆ ಸಹಿ ಹಾಕುವವರಲ್ಲಿ ಸರ್ಕಾರವೂ ಒಂದು ಪಕ್ಷ. ಸರ್ಕಾರಕ್ಕೆ ಮುದ್ರಾಂಕ ಶುಲ್ಕದಿಂದ ವಿನಾಯಿತಿ ಇದೆಯೆಂಬುದು ಎಲ್ಲರಿಗೂ ಗೊತ್ತು. ಹಾಗಿದ್ದರೆ ಸರ್ಕಾರ ಬರೆದುಕೊಟ್ಟ ಗುತ್ತಿಗೆಗೆ ಶುಲ್ಕ ಹೇಗೆ? ಈ ವಾದ ಮೇಲುನೋಟಕ್ಕೆ ಗಟ್ಟಿ, ಒಳಗೆ ಟೊಳ್ಳು.

ಕಾಯ್ದೆಯ ವಿನಾಯಿತಿ ಸರ್ಕಾರ ಸಹಿ ಹಾಕಿದ ಪತ್ರಗಳಿಗೆಲ್ಲ ಅನ್ವಯಿಸುವುದಿಲ್ಲ. ಶುಲ್ಕ ಕಟ್ಟುವ ಹೊಣೆ ಎಲ್ಲಿ ಸರ್ಕಾರದ ಮೇಲೇ ಬೀಳುತ್ತಿತ್ತೋ ಅಲ್ಲಿ ಮಾತ್ರ ಅದು ಮಾಫಿ. ಗುತ್ತಿಗೆ ಪತ್ರದ ಹೊಣೆ ಯಾರದು? ಬೇರೆ ಒಪ್ಪಂದ ಇಲ್ಲದಿದ್ದರೆ ಗುತ್ತಿಗೆ ಪಡೆದವರದು ಎಂದು ಕಾಯ್ದೆಯೇ ಹೇಳಿದೆ. ಗುತ್ತಿಗೆ ಕೊಟ್ಟವರ ಪಾಲಿಗೆ ಬರುವುದು ಪತ್ರದ ಪ್ರತಿರೂಪದ ಶುಲ್ಕ, ಅಂದರೆ ಎರಡನೆಯ ಪ್ರತಿಯ ಸಣ್ಣ ಮೊತ್ತ. ಹೀಗಾಗಿ ದೊಡ್ಡ ಮೊತ್ತ ಗುತ್ತಿಗೆದಾರರ ತಲೆಗೆ, ಸಣ್ಣ ಮೊತ್ತ ಸರ್ಕಾರಕ್ಕೆ, ಅದಕ್ಕೂ ಮಾಫಿ!

ಮಂಡಳಿ, ಪ್ರಾಧಿಕಾರ, ನಿಗಮಗಳ ಜಮೀನಿನ ಮಾತು ಬೇರೆ. ಸರ್ಕಾರವೇ ಹುಟ್ಟುಹಾಕಿದ ಸಂಸ್ಥೆಯಾದರೂ ಅದು ಕಾನೂನಿನ ಪ್ರಕಾರ ಸರ್ಕಾರವಲ್ಲ, ಪ್ರತ್ಯೇಕ ವ್ಯಕ್ತಿ. ಅದಕ್ಕೆ ವಿನಾಯಿತಿ ಬೇಕಾದರೆ ಸರ್ಕಾರ ಪ್ರತ್ಯೇಕ ಅಧಿಸೂಚನೆ ಹೊರಡಿಸಬೇಕು. ಕೈಗಾರಿಕಾ ನಿವೇಶನ ಪಡೆದವರು ಸರ್ಕಾರಿ ಜಾಗವೆಂದು ನಂಬಿ ಎಡವುವುದು ಇಲ್ಲೇ.

ಬಾಡಿಗೆಯ ಮೇಲೋ, ಬೆಲೆಯ ಮೇಲೋ?

ಶುಲ್ಕ ಕಟ್ಟಲೇಬೇಕು ಎಂದು ತೀರ್ಮಾನವಾದರೂ ಜಗಳ ಮುಗಿಯುವುದಿಲ್ಲ. ಎಷ್ಟು ಎಂಬುದು ಬಾಕಿ ಇರುತ್ತದೆ. ವಿವಾದಗಳಲ್ಲಿ ಹಣದ ತೂಕ ಹೆಚ್ಚಿರುವುದು ಈ ಪ್ರಶ್ನೆಗೆ.

ಗುತ್ತಿಗೆಯಲ್ಲಿ ಹಣ ಎರಡು ರೂಪದಲ್ಲಿ ಕೈ ಬದಲಾಗುತ್ತದೆ. ಒಂದು, ವರ್ಷವರ್ಷದ ಬಾಡಿಗೆ. ಇನ್ನೊಂದು, ಆರಂಭದಲ್ಲೇ ಒಂದೇ ಗಂಟಾಗಿ ಕೊಡುವ ಪ್ರೀಮಿಯಂ. ಉತ್ತರದ ಕಡೆ ಇದನ್ನು ಸಲಾಮಿ, ನಜರಾನ ಎಂದೂ ಕರೆಯುತ್ತಾರೆ. 1899ರ ಕಾಯ್ದೆ ಬಾಡಿಗೆ ಮಾತ್ರ ಇರುವ ಗುತ್ತಿಗೆ, ಪ್ರೀಮಿಯಂ ಮಾತ್ರ ಇರುವ ಗುತ್ತಿಗೆ, ಎರಡೂ ಇರುವ ಗುತ್ತಿಗೆ ಎಂದು ಮೂರು ಬಗೆ ಮಾಡಿ ಶುಲ್ಕ ಹೇಳಿತು. ಅವಧಿ ಉದ್ದವಾದಷ್ಟೂ ಗುತ್ತಿಗೆ ಮಾರಾಟದ ಹತ್ತಿರ ಸರಿಯುತ್ತದೆ ಎಂಬುದು ಅದರ ಹಿಂದಿನ ತರ್ಕ. ಕರ್ನಾಟಕದ ಕಾಯ್ದೆಯಲ್ಲೂ ಅವಧಿ ಬೆಳೆದಂತೆ ಶುಲ್ಕ ಬೆಳೆಯುತ್ತದೆ. ಅವಧಿ 30 ವರ್ಷ ಮೀರಿದರೆ ಅಥವಾ ಗುತ್ತಿಗೆ ಶಾಶ್ವತವಾದರೆ ಅದನ್ನು ಕ್ರಯಪತ್ರದಂತೆಯೇ ಕಾಣಲಾಗುತ್ತದೆ.

ಮಹಾರಾಷ್ಟ್ರ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿದೆ. ಅಲ್ಲಿ ಲೆಕ್ಕ ಹಿಡಿಯುವುದು ಬಾಡಿಗೆಯಿಂದಲ್ಲ, ಆಸ್ತಿಯ ಮಾರುಕಟ್ಟೆ ಬೆಲೆಯಿಂದ. ಗುತ್ತಿಗೆ 5 ವರ್ಷದೊಳಗಿದ್ದರೆ ಬೆಲೆಯ ಶೇ 10ರ ಮೇಲೆ, 5ರಿಂದ 10 ವರ್ಷವಾದರೆ ಶೇ 25ರ ಮೇಲೆ, 10ರಿಂದ 29 ವರ್ಷವಾದರೆ ಶೇ 50ರ ಮೇಲೆ, 29 ವರ್ಷ ಮೀರಿದರೆ ಶೇ 90ರ ಮೇಲೆ ಕ್ರಯಪತ್ರದ ದರದಲ್ಲಿ ಶುಲ್ಕ. ಒಂದು ಕೋಟಿ ರೂಪಾಯಿ ಬೆಲೆಯ ನಿವೇಶನ, ಕ್ರಯಪತ್ರದ ದರ ನೂರಕ್ಕೆ ಐದು ಎಂದಿಟ್ಟುಕೊಂಡರೆ, 29 ವರ್ಷದ ಗುತ್ತಿಗೆಗೆ ಎರಡೂವರೆ ಲಕ್ಷ ರೂಪಾಯಿ. 30 ವರ್ಷವಾದರೆ ನಾಲ್ಕೂವರೆ ಲಕ್ಷ. ಒಂದೇ ಒಂದು ವರ್ಷದ ಅಂತರಕ್ಕೆ ಎರಡು ಲಕ್ಷ!

ನವೀಕರಣದ ಷರತ್ತಿಗೆ ಅಲ್ಲಿ ಇನ್ನೂ ಒಂದು ತಿರುವಿದೆ. ಮೂಲ ಪತ್ರದಲ್ಲೇ ಇಷ್ಟು ವರ್ಷಕ್ಕೆ ನವೀಕರಣವೆಂದು ಖಚಿತವಾಗಿ ಬರೆದಿದ್ದರೆ, ಆ ವರ್ಷಗಳನ್ನೂ ಈಗಿನ ಗುತ್ತಿಗೆಯ ಅವಧಿಗೇ ಸೇರಿಸಿ ಲೆಕ್ಕ ಹಾಕುತ್ತಾರೆ. ಹತ್ತು ವರ್ಷದ ಗುತ್ತಿಗೆಗೆ ಇಪ್ಪತ್ತು ವರ್ಷದ ನವೀಕರಣ ಸೇರಿಸಿ ಬರೆದರೆ ಅದು ಮೂವತ್ತು ವರ್ಷದ ಗುತ್ತಿಗೆಯೇ ಆಗುತ್ತದೆ. ಆಗ ನವೀಕರಣದ ದಿನ ಬಂದಾಗ ಗುತ್ತಿಗೆದಾರರು ಕೇಳುವ ಪ್ರಶ್ನೆ ಸಹಜ: ಮುಂದಿನ ಅವಧಿಯ ಸುಂಕವನ್ನು ಅಂದೇ ತೆಗೆದುಕೊಂಡಿರಲ್ಲ, ಮತ್ತೆ ಯಾವ ಲೆಕ್ಕ?

ಸರ್ಕಾರಿ ಜಮೀನಿನ ಮಾರುಕಟ್ಟೆ ಬೆಲೆ ಎಂಬುದೇ ವಿಚಿತ್ರ ಮಾತು. ಅದು ಮಾರುಕಟ್ಟೆಗೆ ಬಂದದ್ದೇ ಇಲ್ಲ. ಶಾಲೆಗೆಂದು ಕೊಟ್ಟ ನೆಲದಲ್ಲಿ ಅಂಗಡಿ ಕಟ್ಟುವಂತಿಲ್ಲ, ಅನುಮತಿ ಇಲ್ಲದೆ ಪರಭಾರೆ ಮಾಡುವಂತಿಲ್ಲ. ಇಷ್ಟು ಕಟ್ಟುಪಾಡಿನ ನೆಲಕ್ಕೆ ಎದುರುಗಡೆಯ ಅಂಗಡಿ ಸಾಲಿನ ಬೆಲೆ ಕಟ್ಟುವುದು ಸರಿಯೇ ಎಂಬುದು ಗುತ್ತಿಗೆದಾರರ ಆಕ್ಷೇಪ. ಸರ್ಕಾರ ಅಥವಾ ಸ್ಥಳೀಯ ಸಂಸ್ಥೆ ಮೊದಲೇ ಗೊತ್ತುಪಡಿಸಿದ ಬೆಲೆಗೆ ಆಸ್ತಿ ಕೊಟ್ಟಾಗ ಆ ಬೆಲೆಯನ್ನೇ ನಿಜವಾದ ಬೆಲೆಯೆಂದು ಒಪ್ಪುವ ನಿಯಮವನ್ನು ಮಹಾರಾಷ್ಟ್ರ 1995ರಲ್ಲಿ ಮಾಡಿಕೊಂಡದ್ದು ಈ ಇಕ್ಕಟ್ಟಿಗೆ ಒಂದು ಪರಿಹಾರ.

ಗಣಿಗಳ ವಿಷಯದಲ್ಲಿ ಲೆಕ್ಕ ಇನ್ನೂ ಕಠಿಣ. ನೆಲದಡಿಯಿಂದ ಎಷ್ಟು ಅದಿರು ಬಂದೀತು, ಎಷ್ಟು ರಾಜಧನ ಕೊಡಬೇಕಾದೀತು ಎಂಬುದು ಪತ್ರ ಬರೆಯುವ ದಿನ ಯಾರಿಗೂ ತಿಳಿಯದು. ಸರ್ಕಾರ ಕೊಟ್ಟ ಗಣಿ ಗುತ್ತಿಗೆಯಾದರೆ ಮುಂದೆ ಬರಬಹುದಾದ ರಾಜಧನವನ್ನು ಜಿಲ್ಲಾಧಿಕಾರಿಯೇ ಅಂದಾಜು ಮಾಡಬೇಕು, ಆ ಅಂದಾಜಿನ ಮೇಲೆ ಶುಲ್ಕ ಎಂದು 1899ರ ಕಾಯ್ದೆ ಹೇಳಿದೆ. ಅಂದಾಜು ಎಂದಮೇಲೆ ತಕರಾರು ಇದ್ದದ್ದೇ.

ತಡವಾದ ಸಹಿ

ಅವಧಿ ಮುಗಿಯುವ ಮೊದಲೇ ಅರ್ಜಿ ಕೊಟ್ಟರೂ ನವೀಕರಣ ಆಯಾ ದಿನಕ್ಕೇ ಆಗುವುದು ಅಪರೂಪ. ಬಾಡಿಗೆ ಎಷ್ಟು ಏರಿಸಬೇಕು, ಷರತ್ತು ಉಲ್ಲಂಘನೆ ಆಗಿದೆಯೇ, ಜಮೀನು ಬೇರೆ ಕೆಲಸಕ್ಕೆ ಬೇಕೇ ಎಂದು ಕಡತ ವರ್ಷಗಟ್ಟಲೆ ಸುತ್ತುತ್ತದೆ. ಕೊನೆಗೆ ಆದೇಶ ಬಂದಾಗ ಹಿಂದಿನ ದಿನಾಂಕದಿಂದಲೇ ಜಾರಿ ಎಂದು ಬರೆದಿರುತ್ತದೆ.

ಆಗ ಶುಲ್ಕ ಯಾವ ದಿನದ ದರದಲ್ಲಿ? ಗುತ್ತಿಗೆದಾರರು ಅವಧಿ ಆರಂಭವಾದ ದಿನವನ್ನು ಹೇಳುತ್ತಾರೆ. ಕಾಯ್ದೆ ಸಹಿ ಬಿದ್ದ ದಿನವನ್ನು ನೋಡುತ್ತದೆ. ಸುಂಕ ಕಾಗದದ ಮೇಲೆ, ಕಾಗದ ಹುಟ್ಟುವುದು ಸಹಿಯೊಂದಿಗೆ. ಆದ್ದರಿಂದ ಸಹಿಯ ದಿನದ ದರವೇ ದರ. ತರ್ಕ ಸರಿಯಾಗಿಯೇ ಇದೆ. ಆದರೆ ಸಹಿ ತಡವಾದದ್ದು ಯಾರಿಂದ ಎಂದು ಕೇಳಿದರೆ, ಹಲವು ಸಲ ಉತ್ತರ ಸರ್ಕಾರದ ಕಡೆಗೇ ಬೊಟ್ಟು ಮಾಡುತ್ತದೆ. ಜಮೀನುದಾರನಾಗಿ ಮಾಡಿದ ವಿಳಂಬದಿಂದ ಸುಂಕದ ಅಧಿಕಾರಿಯಾಗಿ ಹೆಚ್ಚು ಹಣ ಪಡೆದಂತಾಗುತ್ತದೆ. ಎರಡು ಕೈಗಳ ತೊಡಕು ಎದ್ದು ಕಾಣುವುದು ಈ ಜಾಗದಲ್ಲಿ.

ಕಾಗದವಿಲ್ಲದ ಈ ನಡುವಿನ ವರ್ಷಗಳು ಸರ್ಕಾರಕ್ಕೂ ಲಾಭದವಲ್ಲ. ಹಳೆಯ ಬಾಡಿಗೆಯೇ ನಡೆಯುತ್ತಿರುತ್ತದೆ ಅಥವಾ ಅದೂ ನಿಂತಿರುತ್ತದೆ. ಹೊಸ ಶುಲ್ಕ ಬಂದಿರುವುದಿಲ್ಲ. ಜಮೀನು ಮಾತ್ರ ಇನ್ನೊಬ್ಬರ ಸ್ವಾಧೀನದಲ್ಲಿ ಇರುತ್ತದೆ.

ಹತ್ತು ಪಟ್ಟು ದಂಡ

ಶುಲ್ಕ ತಪ್ಪಿಸಿದರೆ ಏನಾಗುತ್ತದೆ? ಕೂಡಲೇ ಏನೂ ಆಗುವುದಿಲ್ಲ. ಅಪಾಯ ಇರುವುದೇ ಅಲ್ಲಿ. ಕಾಗದ ಬೀರುವಿನಲ್ಲಿ ಸುಮ್ಮನೆ ಮಲಗಿರುತ್ತದೆ. ಯಾರೋ ಗಡಿ ಒತ್ತಿದಾಗ, ಸರ್ಕಾರವೇ ತೆರವು ನೋಟಿಸು ಕೊಟ್ಟಾಗ ಅದನ್ನು ಹಿಡಿದು ನ್ಯಾಯಾಲಯಕ್ಕೆ ಓಡಬೇಕಾಗುತ್ತದೆ. ಆಗ ಕಾಗದ ಮಾತಾಡುವುದಿಲ್ಲ. ಸರಿಯಾದ ಮುದ್ರಾಂಕವಿಲ್ಲದ ದಸ್ತಾವೇಜನ್ನು ಪುರಾವೆಯಾಗಿ ಸ್ವೀಕರಿಸುವಂತಿಲ್ಲ. ನ್ಯಾಯಾಲಯ ಅದನ್ನು ಜಪ್ತಿ ಮಾಡಬೇಕು. ಬಾಕಿ ಶುಲ್ಕದ ಜತೆಗೆ ಅದರ ಹತ್ತು ಪಟ್ಟು ದಂಡ ಕಟ್ಟಿದ ಮೇಲೆಯೇ ಕಾಗದಕ್ಕೆ ಜೀವ.

ಕರ್ನಾಟಕದಲ್ಲಿ ಈ ಹತ್ತು ಪಟ್ಟನ್ನು ಕಡಿಮೆ ಮಾಡುವ ಅಧಿಕಾರ ಸಿವಿಲ್ ನ್ಯಾಯಾಲಯಕ್ಕಿಲ್ಲ, ಅಂಥ ವಿವೇಚನೆ ಇರುವುದು ಜಿಲ್ಲಾಧಿಕಾರಿಗೆ ಎಂದು ಗಂಗಪ್ಪ ಮತ್ತು ಫಕ್ಕೀರಪ್ಪ ನಡುವಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ 2018ರಲ್ಲಿ ಹೇಳಿತು. ಎರಡು ಲಕ್ಷ ರೂಪಾಯಿ ಶುಲ್ಕ ಉಳಿಸಿದವರು ನ್ಯಾಯಾಲಯದಲ್ಲಿ ಇಪ್ಪತ್ತೆರಡು ಲಕ್ಷ ತೆರಬೇಕಾದೀತು. ದಾರಿ ತಿಳಿದವರು ಕಾಗದವನ್ನು ಜಿಲ್ಲಾಧಿಕಾರಿಯ ಮುಂದೆ ಒಯ್ದು, ಕಡಿಮೆ ದಂಡಕ್ಕೆ ಮನವಿ ಮಾಡಿಕೊಳ್ಳಬಹುದು. ತಿಳಿಯದವರಿಗೆ ಆ ದಾರಿ ಕಾಣುವುದೇ ಇಲ್ಲ.

ಇಷ್ಟಾದರೂ ಶುಲ್ಕವಿಲ್ಲದ ಕಾಗದ ಹುಟ್ಟಾ ಸತ್ತ ಕಾಗದವಲ್ಲ. ಅದು ಸರಿಪಡಿಸಬಹುದಾದ ದೋಷ ಎಂದು ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ 2023ರ ಡಿಸೆಂಬರ್‌ನಲ್ಲಿ ಮಧ್ಯಸ್ಥಿಕೆ ಒಪ್ಪಂದಗಳ ವಿಷಯದಲ್ಲಿ ಸ್ಪಷ್ಟಪಡಿಸಿದೆ. ಮುದ್ರಾಂಕ ಕಾಯ್ದೆ ಇರುವುದು ಬೊಕ್ಕಸಕ್ಕೆ ಹಣ ತರಲು, ಎದುರಾಳಿಯನ್ನು ತಾಂತ್ರಿಕ ನೆಪದಲ್ಲಿ ಕೆಡವಲು ಅಲ್ಲ ಎಂಬುದನ್ನು ಇದೇ ನ್ಯಾಯಾಲಯ 1969ರಷ್ಟು ಹಿಂದೆಯೇ ಹಿಂದೂಸ್ತಾನ್ ಸ್ಟೀಲ್ ಮೊಕದ್ದಮೆಯಲ್ಲಿ ಹೇಳಿತ್ತು.

ಮೊದಲೇ ಕೇಳುವ ದಾರಿ

ಜಗಳ ಹುಟ್ಟುವ ಮೊದಲೇ ಅದನ್ನು ತಪ್ಪಿಸುವ ಒಂದು ದಾರಿ ಕಾಯ್ದೆಯಲ್ಲೇ ಇದೆ. ಪತ್ರದ ಕರಡನ್ನು ಸಹಿಗೆ ಮುಂಚೆಯೇ ಅಧಿಕಾರಿಗೆ ಒಪ್ಪಿಸಿ, ಇದಕ್ಕೆ ಎಷ್ಟು ಶುಲ್ಕ ಎಂದು ತೀರ್ಮಾನ ಕೇಳಬಹುದು. ಅವರು ಹೇಳಿದಷ್ಟು ಕಟ್ಟಿ, ಪೂರ್ಣ ಶುಲ್ಕ ಸಂದಿದೆ ಎಂಬ ಷರಾ ಬರೆಸಿಕೊಂಡರೆ ಮುಂದೆ ಕಾಗದಕ್ಕೆ ರಕ್ಷಣೆ ಇರುತ್ತದೆ. ಈ ಅವಕಾಶ 1899ರಿಂದಲೂ ಇದೆ. ಬಳಸಿಕೊಳ್ಳುವವರು ಬಹುಪಾಲು ದೊಡ್ಡ ಕಂಪನಿಗಳು.

ಕರ್ನಾಟಕಕ್ಕೆ ಈ ವಿಷಯ ಮುಂದಿನ ದಿನಗಳಲ್ಲಿ ಇನ್ನಷ್ಟು ಹತ್ತಿರವಾಗಲಿದೆ. 2005ರ ಜನವರಿ 1ಕ್ಕೂ ಮೊದಲಿನಿಂದ ಸರ್ಕಾರಿ ಜಮೀನಿನಲ್ಲಿ ಕಾಫಿ, ಏಲಕ್ಕಿ, ಮೆಣಸಿನಂಥ ತೋಟದ ಬೆಳೆ ಮಾಡಿಕೊಂಡು ಬಂದ ಮಲೆನಾಡಿನ ಬೆಳೆಗಾರರಿಗೆ 25 ಎಕರೆಯವರೆಗೆ 30 ವರ್ಷದ ಗುತ್ತಿಗೆ ಕೊಡಲು ರಾಜ್ಯದ ಭೂ ಕಂದಾಯ ಕಾಯ್ದೆಗೆ ತಿದ್ದುಪಡಿ ಬಂದಿದೆ. ಒತ್ತುವರಿಗೆ ಇದು ಬಹುಮಾನವೇ ಎಂಬ ಚರ್ಚೆ ಬೇರೆ. ಗುತ್ತಿಗೆ ಎಂಬ ಕಾಗದ ಕೈಗೆ ಬಂದ ದಿನದಿಂದ ಮಾತ್ರ ಸಣ್ಣ ಬೆಳೆಗಾರರೂ ಮುದ್ರಾಂಕ ಕಾಯ್ದೆಯ ಒಳಗೆ ಬರುತ್ತಾರೆ. 30 ವರ್ಷಕ್ಕೊಂದು ದಿನ ಹೆಚ್ಚಾದರೂ ಲೆಕ್ಕ ಬದಲಾಗುವ ಕಾಯ್ದೆ ಅದು. ಅವಧಿ ಮುಗಿದಾಗ ಆಗುವುದು ವಿಸ್ತರಣೆಯೋ ನವೀಕರಣವೋ, ಶುಲ್ಕ ಯಾವುದರ ಮೇಲೆ, ಸರ್ಕಾರದಿಂದಲೇ ತಡವಾದರೆ ಯಾವ ದಿನದ ದರ ಎಂಬುದನ್ನು ಮೊದಲ ಪತ್ರದಲ್ಲೇ ಬಿಡಿಸಿ ಬರೆದರೆ, ಇಂದಿನ ಬೆಳೆಗಾರರ ಮಕ್ಕಳು ಕೋರ್ಟಿನ ಮೆಟ್ಟಿಲು ಹತ್ತುವುದು ತಪ್ಪೀತು.

ಕನ್ನಡ ನಾಡಿನ ಅರಸರೂ ಭೂಮಿ ಕೊಟ್ಟಿದ್ದರು, ಮುದ್ರೆಯನ್ನೂ ಒತ್ತಿದ್ದರು. ಗಂಗರ ತಾಮ್ರಪಟಗಳ ಉಂಗುರದಲ್ಲಿ ಆನೆಯ ಮುದ್ರೆ, ಬಾದಾಮಿ ಚಾಲುಕ್ಯರ ಪಟಗಳಲ್ಲಿ ವರಾಹ ಮುದ್ರೆ ಇಂದಿಗೂ ಕಾಣಸಿಗುತ್ತವೆ. ದಾನವೆಂದು ಕೊಟ್ಟ ಆ ಭೂಮಿಗೆ ಶಾಸನಗಳು ಹೇಳಿದ ಅವಧಿ ಆಚಂದ್ರಾರ್ಕ, ಸೂರ್ಯಚಂದ್ರರಿರುವ ತನಕ. ಅಲ್ಲಿ ನವೀಕರಣದ ಮಾತೇ ಇರಲಿಲ್ಲ. ಪ್ರಜಾಪ್ರಭುತ್ವದ ಸರ್ಕಾರ ಹಾಗೆ ಕೊಡಲಾರದು, ಕೊಡಲೂಬಾರದು. ಭೂಮಿ ಎಲ್ಲರದು, ಅದಕ್ಕೊಂದು ಅವಧಿ ಇರಬೇಕು, ಬಾಡಿಗೆ ಬರಬೇಕು, ಸುಂಕವೂ ಸಲ್ಲಬೇಕು. ಆದರೆ ಮುದ್ರೆಯ ಮೊದಲ ಕೆಲಸ ನಂಬಿಕೆ ಹುಟ್ಟಿಸುವುದು. ಎಷ್ಟು ಕಟ್ಟಬೇಕೆಂದು ಕಟ್ಟುವವರಿಗೂ ಕಟ್ಟಿಸಿಕೊಳ್ಳುವವರಿಗೂ ಮೊದಲೇ ತಿಳಿದಿದ್ದರೆ ಆ ಕೆಲಸ ಅರ್ಧ ಮುಗಿದಂತೆ.